ಪೆಟ್ಟಿಗೆಯೊಳಗಿನ ದನಿ ಯಾರದು?

ಜರ್ಮನಿಯ ಬಾತ್ಮೀದಾರ ಗೆರ್ಡ್ ರೂಗೆಯವರ ಬಾಳು

(ಕಾರ್ಮಿಕರ ವಾಚನಾಲಯದಲ್ಲಿ ನಡೆದ ಸಂಜೆಯ ಸಭೆಯಲ್ಲಿ ಮಾಡಿದ ಭಾಷಣ)

ಅಧ್ಯಕ್ಷರೇ, ಪಾಳಿ ಮುಗಿಸಿ ಮನೆಗೂ ಹೋಗದೆ ನೇರವಾಗಿ ಇಲ್ಲಿಗೆ ಬಂದಿರುವ ಗಿರಣಿಯ ಸಂಗಾತಿಗಳೇ, ಅಂಗಡಿಯ ಬಾಗಿಲನ್ನು ಅರ್ಧ ಗಂಟೆ ಮುಂಚಿತವಾಗಿ ಎಳೆದು ಬಂದಿರುವ ವರ್ತಕ ಮಿತ್ರರೇ,

ಹೋದ ತಿಂಗಳ ಸಭೆಯ ಕೊನೆಯಲ್ಲಿ ನೂಲುವ ಖಾತೆಯ ಹಿರಿಯರೊಬ್ಬರು ಎದ್ದು ನಿಂತು ಒಂದು ಪ್ರಶ್ನೆ ಕೇಳಿದರು. "ಮೇಷ್ಟ್ರೇ, ಪತ್ರಿಕೆ ತೆಗೆದರೆ ಅದು ಧಣಿಯದು. ಟೀವಿ ಹಾಕಿದರೆ ಅದೂ ಧಣಿಯದು. ರೇಡಿಯೋ ಹಚ್ಚಿದರೆ ಅದು ಸರ್ಕಾರದ್ದು. ಫೋನಿನಲ್ಲಿ ಬರುವುದು ಯಾರದೆಂದು ದೇವರಿಗೂ ತಿಳಿಯದು. ಹಾಗಾದರೆ ನಮ್ಮದು ಎಂಬುದು ಯಾವುದು?" ಎಂದರು. ಸಭೆ ನಕ್ಕಿತು. ಅವರು ಮಾತ್ರ ನಗಲಿಲ್ಲ.

ನಾವು ಅಂದು ಉತ್ತರ ಕೊಡಲಿಲ್ಲ. ಕೊಡಲು ಬರಲಿಲ್ಲ ಎನ್ನುವುದೇ ಸರಿ. ಒಂದು ತಿಂಗಳು ಅದನ್ನೇ ಮೆಲುಕು ಹಾಕಿದೆವು. ಇವತ್ತು ಅದಕ್ಕೆ ಉತ್ತರವಾಗಿ ಒಬ್ಬ ಮನುಷ್ಯನ ಬಾಳಿನ ಕಥೆಯನ್ನು ಹೇಳುತ್ತೇವೆ. ಆತನ ಹೆಸರು ಗೆರ್ಡ್ ರೂಗೆ. ಜರ್ಮನಿಯವರು. ಹುಟ್ಟಿದ್ದು 1928ರ ಆಗಸ್ಟ್ 9ರಂದು ಹ್ಯಾಂಬರ್ಗ್ ನಗರದಲ್ಲಿ; ತೀರಿಕೊಂಡದ್ದು 2021ರ ಅಕ್ಟೋಬರ್ 15ರಂದು ಮ್ಯೂನಿಕ್‌ನಲ್ಲಿ. ತೊಂಬತ್ತಮೂರು ವರ್ಷದ ತುಂಬು ಬಾಳು. ಅದರ ಬಹುಭಾಗವನ್ನು ಅವರು ಕಳೆದದ್ದು ಒಂದೇ ಕಾಯಕದಲ್ಲಿ. ದೂರದ ಊರುಗಳಿಗೆ ಹೋಗಿ, ಅಲ್ಲಿ ಏನು ನಡೆಯುತ್ತಿದೆಯೆಂದು ನೋಡಿ, ಕೇಳಿ, ಅದನ್ನು ರೇಡಿಯೋದಲ್ಲಿಯೂ ಟೆಲಿವಿಷನ್ನಿನಲ್ಲಿಯೂ ತಮ್ಮ ದೇಶದ ಜನಕ್ಕೆ ಹೇಳುವುದು.

ಇದರಲ್ಲೇನು ಹೆಚ್ಚುಗಾರಿಕೆ, ಸುದ್ದಿ ಹೇಳುವವರು ಊರಿಗೆ ಹತ್ತು ಮಂದಿ ಇದ್ದಾರಲ್ಲ ಎಂದು ನೀವು ಕೇಳಬಹುದು. ಹೆಚ್ಚುಗಾರಿಕೆ ಇಷ್ಟೇ: ಅವರಿಗೆ ಸಂಬಳ ಕೊಟ್ಟದ್ದು, ಬಾಳಿನ ಬಹುಪಾಲು, ಧಣಿಯೂ ಅಲ್ಲ, ಸರ್ಕಾರವೂ ಅಲ್ಲ, ಕೇಳುವ ಜನ. ಅಂಥದೊಂದು ಏರ್ಪಾಡು ಲೋಕದಲ್ಲಿ ಇದೆಯೇ? ಇದೆ. ಅದು ಹೇಗೆ ಹುಟ್ಟಿತು, ಅದನ್ನು ಯಾರು ಕಸಿದುಕೊಳ್ಳಲು ನೋಡಿದರು, ಅದು ಹೇಗೆ ಉಳಿಯಿತು ಎಂಬುದನ್ನು ಮೊದಲು ಹೇಳಬೇಕು.

76 ಮಾರ್ಕಿನ ಪೆಟ್ಟಿಗೆ

1933ರ ಜನವರಿ 30ರಂದು ಜರ್ಮನಿಯಲ್ಲಿ ಹಿಟ್ಲರ್ ಅಧಿಕಾರಕ್ಕೆ ಬಂದ. ಅದೇ ವರ್ಷ ಅಂಗಡಿಗಳಿಗೆ ಒಂದು ಹೊಸ ರೇಡಿಯೋ ಬಂತು. ಅದಕ್ಕೆ ಇಟ್ಟ ಹೆಸರು 'ಜನರ ರೇಡಿಯೋ'. ಬೆಲೆ 76 ಮಾರ್ಕ್. ಅಂದಿನ ಬೇರೆ ರೇಡಿಯೋಗಳಿಗಿಂತ ಬಹಳ ಅಗ್ಗ. ಅದರ ಮಾದರಿಯ ಸಂಖ್ಯೆ 301. ಯಾಕೆ 301? 30ನೆಯ ತಾರೀಖು, 1ನೆಯ ತಿಂಗಳು. ಹಿಟ್ಲರ್ ಗದ್ದುಗೆ ಏರಿದ ದಿನವನ್ನೇ ಪೆಟ್ಟಿಗೆಯ ಮೇಲೆ ಹೊಡೆದು ಮಾರಿದರು! 1938ರಲ್ಲಿ ಇನ್ನೂ ಚಿಕ್ಕದೊಂದು ಪೆಟ್ಟಿಗೆ 35 ಮಾರ್ಕಿಗೇ ಬಂತು. ಕೂಲಿಕಾರನ ಮನೆಯಲ್ಲಿಯೂ ರೇಡಿಯೋ ಮಾತನಾಡತೊಡಗಿತು. ಅದರಲ್ಲಿ ಮಾತನಾಡಿದವರು ಯಾರು? ಹಿಟ್ಲರನ ಪ್ರಚಾರ ಮಂತ್ರಿ ಗೊಬೆಲ್ಸ್ ಮತ್ತು ಅವನ ಕೈಕೆಳಗಿನವರು. ಜನ ಆ ಪುಟ್ಟ ಪೆಟ್ಟಿಗೆಗೆ 'ಗೊಬೆಲ್ಸನ ಮೂತಿ' ಎಂದು ಹಿಂದಿನಿಂದ ಅಡ್ಡಹೆಸರು ಇಟ್ಟರು. ಮುಂದಿನಿಂದ ಹೇಳುವ ಧೈರ್ಯ ಯಾರಿಗಿತ್ತು? 1939ರ ಸೆಪ್ಟೆಂಬರ್ 1ರಂದು ಯುದ್ಧ ಶುರುವಾದ ದಿನವೇ ಪರದೇಶದ ರೇಡಿಯೋ ಕೇಳುವುದು ಅಪರಾಧವೆಂದು ಸಾರಿದರು. ಕೇಳಿದ್ದನ್ನು ಇನ್ನೊಬ್ಬರಿಗೆ ಹೇಳಿದವನಿಗೆ ಮರಣದಂಡನೆಯನ್ನೂ ವಿಧಿಸಬಹುದಾಗಿತ್ತು.

ಇಲ್ಲಿ ಒಂದು ಮಾತನ್ನು ವರ್ತಕ ಮಿತ್ರರು ಗಮನಿಸಬೇಕು. ಆ ರೇಡಿಯೋಗೆ ಪ್ರತಿ ಮನೆಯವರೂ ತಿಂಗಳಿಗೆ ಎರಡು ಮಾರ್ಕ್ ಶುಲ್ಕ ಕಟ್ಟುತ್ತಿದ್ದರು. ನಮ್ಮಲ್ಲಿಯೂ ಒಂದು ಕಾಲದಲ್ಲಿ ಅಂಚೆ ಕಚೇರಿಗೆ ಹೋಗಿ ರೇಡಿಯೋ ಲೈಸೆನ್ಸಿನ ಹಣ ಕಟ್ಟುತ್ತಿದ್ದುದು ಹಿರಿಯರಿಗೆ ನೆನಪಿರಬಹುದು, ಅಂಥದೇ. ಎಂದರೆ, ತಮಗೆ ಸುಳ್ಳು ಹೇಳುವವನಿಗೆ ಜನ ತಾವೇ ತಿಂಗಳು ತಿಂಗಳು ಕೂಲಿ ಕೊಟ್ಟರು. ಆದುದರಿಂದ ಹಣ ನಮ್ಮದಾದ ಮಾತ್ರಕ್ಕೆ ದನಿ ನಮ್ಮದಾಗುವುದಿಲ್ಲ. ಹಣದ ಜೊತೆಗೆ ಕಾಯಿದೆ ಬೇಕು, ಕಾವಲು ಬೇಕು. ಇದು ಮೊದಲನೆಯ ಪಾಠ.

ರೂಗೆ ಬೆಳೆದದ್ದು ಈ ಪೆಟ್ಟಿಗೆಯ ಗದ್ದಲದಲ್ಲಿ. 1943ರ ಬೇಸಗೆಯಲ್ಲಿ ವಿಮಾನಗಳು ಬಾಂಬು ಸುರಿಸಿ ಹ್ಯಾಂಬರ್ಗ್ ನಗರವನ್ನು ಸುಟ್ಟಾಗ ಸತ್ತವರು ಮೂವತ್ತು ಸಾವಿರಕ್ಕೂ ಹೆಚ್ಚು. ಆ ಹುಡುಗನಿಗೆ ಆಗ ಹದಿನೈದೂ ತುಂಬಿರಲಿಲ್ಲ. 1945ರ ಮೇ ತಿಂಗಳಲ್ಲಿ ಯುದ್ಧ ಮುಗಿದಾಗ ಹದಿನಾರು. ಗೆದ್ದೇ ಗೆಲ್ಲುತ್ತೇವೆಂದು ರೇಡಿಯೋ ಹೇಳುತ್ತಲೇ ಇತ್ತು; ಕಿಟಕಿಯ ಹೊರಗೆ ಊರು ಬೂದಿಯಾಗಿತ್ತು. ಕಿವಿಗೆ ಬೀಳುವುದು ಒಂದು, ಕಣ್ಣಿಗೆ ಕಾಣುವುದು ಇನ್ನೊಂದು ಎಂಬುದನ್ನು ಆ ತಲೆಮಾರಿನ ಮಕ್ಕಳಿಗೆ ಯಾವ ಮೇಷ್ಟ್ರೂ ಕಲಿಸಬೇಕಾಗಿರಲಿಲ್ಲ.

ಒಬ್ಬ ಇಂಗ್ಲಿಷ್‌ನವ, ಒಬ್ಬ ಮೇಷ್ಟ್ರು

ಸೋತ ಜರ್ಮನಿಯನ್ನು ಗೆದ್ದ ನಾಲ್ಕು ದೇಶಗಳು ಹಂಚಿಕೊಂಡವು. ಹ್ಯಾಂಬರ್ಗ್ ಮತ್ತು ಕೊಲೋನ್ ನಗರಗಳು ಬ್ರಿಟಿಷರ ಪಾಲಿಗೆ ಬಂದವು. ಅಲ್ಲಿ 'ವಾಯವ್ಯ ಜರ್ಮನ್ ರೇಡಿಯೋ' ಎಂಬ ಸಂಸ್ಥೆ ಎದ್ದಿತು. ಅದನ್ನು ಕಟ್ಟಲು 1946ರಲ್ಲಿ ಬಿ.ಬಿ.ಸಿ.ಯ ಹ್ಯೂ ಕಾರ್ಲ್‌ಟನ್ ಗ್ರೀನ್ ಬಂದರು. ಇಲ್ಲಿ ನಾನು ಬೇಡವಾಗುವಂತೆ ಮಾಡಿಕೊಳ್ಳುವುದೇ ನನ್ನ ಕೆಲಸ ಎಂಬ ಅರ್ಥದ ಮಾತನ್ನು ಅವರು ಮೊದಲಿಗೇ ಹೇಳಿದರಂತೆ. ಗೆದ್ದ ದೇಶದ ಅಧಿಕಾರಿಯ ಬಾಯಲ್ಲಿ ಇಂಥ ಮಾತು ಅಪರೂಪ. ಇನ್ನೂರು ವರ್ಷ ನಮ್ಮಲ್ಲಿದ್ದ ಬ್ರಿಟಿಷ್ ಅಧಿಕಾರಿಗಳಲ್ಲಿ ಯಾರಿಗೂ ಇದು ಹೊಳೆಯಲಿಲ್ಲವೆಂಬುದು ಬೇರೆ ಮಾತು.

ಗ್ರೀನ್ ಅವರು ಮಾಡಿದ ಕಾಯಿದೆ 1948ರ ಜನವರಿ 1ರಿಂದ ಜಾರಿಗೆ ಬಂತು. ಅದರ ಪ್ರಕಾರ ರೇಡಿಯೋ ಸರ್ಕಾರದ ಇಲಾಖೆಯಲ್ಲ, ಯಾರ ಕಂಪೆನಿಯೂ ಅಲ್ಲ. ಅದು ಸಾರ್ವಜನಿಕರ ಸ್ವತಂತ್ರ ಸಂಸ್ಥೆ. ಅದೇ ವರ್ಷದ ನವೆಂಬರಿನಲ್ಲಿ ಗ್ರೀನ್ ಹೊರಟುಹೋದರು. ಆ ಕುರ್ಚಿಗೆ ಅಡಾಲ್ಫ್ ಗ್ರಿಮ್ಮೆ ಬಂದರು. ಈ ಗ್ರಿಮ್ಮೆಯವರು ಯಾರು ಗೊತ್ತೇ? ಮೊದಲು ಶಾಲೆಯ ಮೇಷ್ಟ್ರು. ಆಮೇಲೆ ಸಮಾಜವಾದಿ ಪಕ್ಷದಿಂದ ಪ್ರಷ್ಯ ರಾಜ್ಯದ ವಿದ್ಯಾಮಂತ್ರಿ. ಹಿಟ್ಲರನ ಕಾಲದಲ್ಲಿ, 1942ರಲ್ಲಿ ಬಂಧನಕ್ಕೊಳಗಾಗಿ ಸೆರೆಮನೆ ಕಂಡವರು. ಮೇಷ್ಟ್ರ ಕೆಲಸ ಬಿಟ್ಟು ಪಕ್ಷದ ಕೆಲಸಕ್ಕೆ ಇಳಿದ ನಮ್ಮಂಥವರಿಗೆ ಇದನ್ನು ಓದಿದಾಗ ಎದೆ ಸ್ವಲ್ಪ ಉಬ್ಬಿದ್ದು ಸುಳ್ಳಲ್ಲ.

ರೂಗೆ ಈ ರೇಡಿಯೋಗೆ ಸೇರಿದ್ದು 1949ರ ಹೊತ್ತಿಗೆ, ಇಪ್ಪತ್ತರ ಹರೆಯದಲ್ಲಿ. 1950ರಲ್ಲಿ ಯುಗೋಸ್ಲಾವಿಯಕ್ಕೆ ಹೊರಟರು. ಆ ದೇಶದ ವೀಸಾ ಸಿಕ್ಕ ಮೊದಲ ಪಶ್ಚಿಮ ಜರ್ಮನ್ ಪತ್ರಕರ್ತ ಅವರೇ. ಐದೇ ವರ್ಷದ ಹಿಂದೆ ಜರ್ಮನ್ ಸೇನೆ ಆ ದೇಶವನ್ನು ತುಳಿದಿತ್ತೆಂಬುದನ್ನು ನೆನಪಿಡಿ. ಯಾರ ಮನೆಯನ್ನು ನಮ್ಮವರು ಸುಟ್ಟರೋ ಆ ಮನೆಯ ಬಾಗಿಲು ತಟ್ಟಿ, "ನಿಮ್ಮ ಬದುಕು ಹೇಗಿದೆ?" ಎಂದು ಕೇಳುವುದು ಸುಲಭವಲ್ಲ. ಆ ಕೆಲಸ ಮಾಡುವವನಿಗೆ ದೊಡ್ಡ ಗಂಟಲು ಉಪಯೋಗಕ್ಕೆ ಬಾರದು. ತಗ್ಗಿದ ದನಿ ಬೇಕು, ದೊಡ್ಡ ಕಿವಿ ಬೇಕು. ಅದಾದ ಮೇಲೆ ಕೊರಿಯಾ, ಇಂಡೋಚೈನಾ. ಎರಡೂ ಯುದ್ಧದ ನೆಲಗಳು.

ಮಾಸ್ಕೋದ ಕಿಟಕಿ

1955ರ ಸೆಪ್ಟೆಂಬರಿನಲ್ಲಿ ಪಶ್ಚಿಮ ಜರ್ಮನಿಯ ಪ್ರಧಾನಿ ಅಡೆನಾವರ್ ಮಾಸ್ಕೋಗೆ ಹೋದರು. ಎರಡು ದೇಶಗಳ ನಡುವೆ ರಾಯಭಾರದ ಸಂಬಂಧ ಬೆಳೆಯಿತು. ರಷ್ಯದಲ್ಲಿ ಉಳಿದಿದ್ದ ಸುಮಾರು ಹತ್ತು ಸಾವಿರ ಜರ್ಮನ್ ಯುದ್ಧಕೈದಿಗಳು ಮನೆಗೆ ಮರಳಿದರು. ಮರುವರ್ಷ, 1956ರಲ್ಲಿ, ಮಾಸ್ಕೋದಲ್ಲಿ ಮನೆ ಮಾಡಿ ಕುಳಿತು ಸುದ್ದಿ ಕಳುಹಿಸುವ ಮೊದಲ ಪಶ್ಚಿಮ ಜರ್ಮನ್ ರೇಡಿಯೋ ಬಾತ್ಮೀದಾರರಾಗಿ ರೂಗೆ ಹೋದರು. ವಯಸ್ಸು ಇಪ್ಪತ್ತೆಂಟು.

ಅಂದಿನ ಮಾಸ್ಕೋದಲ್ಲಿ ಪರದೇಶದ ಬಾತ್ಮೀದಾರನ ಕೆಲಸ ಹೇಗಿತ್ತು ಕೇಳಿ. ಬರೆದದ್ದನ್ನು ಕೇಂದ್ರ ತಂತಿ ಕಚೇರಿಗೆ ಒಯ್ದು ಕೊಡಬೇಕು. ಅದು ಒಳಗೆ ಹೋಗುತ್ತದೆ. ಒಳಗೆ ಕುಳಿತ ಪರೀಕ್ಷಕ ಯಾರೆಂದು ಕಾಣುವುದಿಲ್ಲ. ಅವನು ಹೊಡೆದುಹಾಕಿದ ಸಾಲುಗಳು ಹೋದವೆಂದೇ ಲೆಕ್ಕ. ಈ ಪದ್ಧತಿ 1961ರವರೆಗೂ ಇತ್ತು. ನಮ್ಮ ಗಿರಣಿಯ ಸಂಗಾತಿಗಳಿಗೆ ಇದು ಅರ್ಥವಾಗದ ವಿಷಯವಲ್ಲ. ಕಚೇರಿಯ ಕಿಟಕಿಯಲ್ಲಿ ಅರ್ಜಿ ಕೊಟ್ಟು, ಒಳಗೆ ಯಾರು ಏನು ಬರೆದರೆಂದು ತಿಳಿಯದೆ ಹೊರಗೆ ನಿಂತವರು ನಾವು.

ಇನ್ನೊಂದು ಕಡೆಯ ಒತ್ತಡವೂ ಇತ್ತು. ಅದು ಶೀತಲ ಸಮರದ ಕಾಲ. ಊರಿನಲ್ಲಿ ಕೇಳುವವರಿಗೆ ರಷ್ಯವೆಂದರೆ ಬರೀ ಭೂತ. ಭೂತದ ಕಥೆ ಹೇಳಿದರೆ ಶಹಬಾಸ್ ಎನ್ನುವವರು ಬೇಕಾದಷ್ಟು ಮಂದಿ. ರೂಗೆ ಎರಡೂ ಮಾಡಲಿಲ್ಲ. ರಷ್ಯದ ಸರ್ಕಾರದ ಬಾಯಿಯಾಗಲಿಲ್ಲ; ರಷ್ಯದ ಜನರನ್ನು ಭೂತವಾಗಿಯೂ ತೋರಿಸಲಿಲ್ಲ. ಅವರಿಗೆ ಅಲ್ಲಿ ಬೋರಿಸ್ ಪಾಸ್ಟರ್ನಾಕ್ ಎಂಬ ಮಹಾಕವಿಯ ಸ್ನೇಹವಾಯಿತು. ಪಾಸ್ಟರ್ನಾಕರ ಕಾದಂಬರಿಯನ್ನು ಸ್ವದೇಶದಲ್ಲಿ ಅಚ್ಚು ಹಾಕಲು ಬಿಡಲಿಲ್ಲ. ಅದು 1957ರಲ್ಲಿ ಇಟಲಿಯಲ್ಲಿ ಬೆಳಕು ಕಂಡಿತು. 1958ರ ಅಕ್ಟೋಬರಿನಲ್ಲಿ ಅವರಿಗೆ ನೊಬೆಲ್ ಬಹುಮಾನ ಬಂತು. ಒಂದು ವಾರ ತುಂಬುವುದರೊಳಗೆ ಅದು ಬೇಡವೆಂದು ಅವರೇ ತಂತಿ ಕಳುಹಿಸಬೇಕಾಯಿತು. ಅಷ್ಟು ಬೈಗುಳ, ಅಷ್ಟು ಬೆದರಿಕೆ. ಲೇಖಕರ ಸಂಘದಿಂದ ಹೊರಗೆ ಹಾಕಿದರು. ಆ ವರ್ಷವೇ ರೂಗೆ ಪಾಸ್ಟರ್ನಾಕರ ಬಾಳಿನ ಬಗ್ಗೆ ಒಂದು ಚಿತ್ರಸಂಪುಟವನ್ನು ಪ್ರಕಟಿಸಿದರು. ಊರೆಲ್ಲ ಬೈಯುತ್ತಿರುವವನ ಮನೆಗೆ ಹೋಗಿ ಬಂದು, ಈತ ಇಂಥ ಮನುಷ್ಯ ಎಂದು ಹೇಳುವುದೂ ಬಾತ್ಮೀದಾರನ ಕೆಲಸವೇ.

ಸಮಾಜವಾದಿಗಳಾದ ನಾವು ಈ ಭಾಗವನ್ನು ಮುಚ್ಚಿಡಬಾರದು. ಕೆಲಸಗಾರರ ಹೆಸರಿನಲ್ಲಿ ನಡೆದ ರಾಜ್ಯದಲ್ಲಿ ಒಬ್ಬ ಕವಿಯ ಬಾಯಿ ಕಟ್ಟಿದರೆಂಬುದು ನಿಜ. ಧಣಿಯ ರಾಜ್ಯದಲ್ಲಿ ಬಾಯಿ ಕಟ್ಟಿದರೆ ತಪ್ಪು, ನಮ್ಮವರ ರಾಜ್ಯದಲ್ಲಿ ಕಟ್ಟಿದರೆ ಒಪ್ಪು ಎಂಬ ಎರಡು ತಕ್ಕಡಿಯ ವ್ಯಾಪಾರ ನಮಗೆ ಬೇಡ.

ಪ್ರಧಾನಿಯ ಕಂಪೆನಿ

ರೂಗೆ 1959ರಲ್ಲಿ ಮಾಸ್ಕೋ ಬಿಟ್ಟರು. ಅಷ್ಟರಲ್ಲಿ ಅವರ ದೇಶದಲ್ಲಿಯೇ ಒಂದು ದೊಡ್ಡ ಜಗಳ ಮೊಳೆಯುತ್ತಿತ್ತು. ಪ್ರಧಾನಿ ಅಡೆನಾವರ್ ಅವರಿಗೆ ಈ ಸ್ವತಂತ್ರ ರೇಡಿಯೋ, ಟೆಲಿವಿಷನ್ ಸಂಸ್ಥೆಗಳು ಹಿಡಿಸಲಿಲ್ಲ. ತಮ್ಮನ್ನು ಟೀಕಿಸುವ ದನಿ ಯಾವ ಅಧಿಕಾರಸ್ಥನಿಗೆ ಹಿಡಿಸುತ್ತದೆ? 1960ರ ಜುಲೈ 25ರಂದು ಅವರು 'ಜರ್ಮನಿ ಟೆಲಿವಿಷನ್' ಎಂಬ ಹೆಸರಿನ ಒಂದು ಕಂಪೆನಿಯನ್ನೇ ಹುಟ್ಟುಹಾಕಿದರು. ಹೆಸರಿಗೆ ಕಂಪೆನಿ, ಹಿಡಿತ ಕೇಂದ್ರ ಸರ್ಕಾರದ್ದು. ಎಂದರೆ ಸರ್ಕಾರವೇ ಧಣಿ, ಧಣಿಯೇ ಸರ್ಕಾರ. ಒಂದೇ ಕಲ್ಲಿನಲ್ಲಿ ಎರಡು ಹಕ್ಕಿ!

ಸಮಾಜವಾದಿಗಳು ಆಳುತ್ತಿದ್ದ ರಾಜ್ಯಗಳು ಸುಮ್ಮನೆ ಕೂರಲಿಲ್ಲ. ಹ್ಯಾಂಬರ್ಗ್, ಹೆಸ್ಸೆ ಮೊದಲಾದ ರಾಜ್ಯಗಳು ಕಾರ್ಲ್ಸ್‌ರೂಹೆ ನಗರದಲ್ಲಿರುವ ಸಂವಿಧಾನ ನ್ಯಾಯಾಲಯಕ್ಕೆ ಹೋದವು. 1961ರ ಫೆಬ್ರವರಿ 28ರಂದು ತೀರ್ಪು ಬಂತು. ಪ್ರಸಾರದ ವ್ಯವಸ್ಥೆ ರಾಜ್ಯಗಳ ಅಧಿಕಾರಕ್ಕೆ ಸೇರಿದ್ದು. ಕೇಂದ್ರ ಸರ್ಕಾರ ಇಂಥ ಕಂಪೆನಿ ನಡೆಸುವಂತಿಲ್ಲ. ರೇಡಿಯೋ, ಟೆಲಿವಿಷನ್ ಸರ್ಕಾರದ ಕೈಗೂ ಹೋಗಕೂಡದು, ಸಮಾಜದ ಯಾವುದೋ ಒಂದೇ ಗುಂಪಿನ ಕೈಗೂ ಹೋಗಕೂಡದು. ಸಮಾಜದ ಎಲ್ಲ ಮುಖ್ಯ ಶಕ್ತಿಗಳಿಗೂ ಅದರಲ್ಲಿ ಮಾತಿರಬೇಕು. ಪ್ರಧಾನಿಗೆ ಎಷ್ಟು ಸಿಟ್ಟು ಬಂತೆಂದರೆ, ತೀರ್ಪೇ ತಪ್ಪೆಂದು ತಮ್ಮ ಮಂತ್ರಿಮಂಡಲ ಒಮ್ಮತಕ್ಕೆ ಬಂದಿದೆಯೆಂದು ಪಾರ್ಲಿಮೆಂಟಿನಲ್ಲಿ ಹೇಳಿದರು. ಹೇಳಿದರೇನು, ಕಂಪೆನಿಗೆ ಬೀಗ ಬಿತ್ತು. ಜರ್ಮನಿಯ ರಾಜ್ಯಗಳೆಲ್ಲ ಒಟ್ಟಾಗಿ ಎರಡನೆಯದೊಂದು ಸಾರ್ವಜನಿಕ ಟೆಲಿವಿಷನ್ ಕಟ್ಟಿದವು. ಅದು 1963ರ ಏಪ್ರಿಲ್ 1ರಂದು ಶುರುವಾಯಿತು.

ಅದೇ 1961ರಲ್ಲಿ ರೂಗೆ ಇನ್ನೊಂದು ಕೆಲಸಕ್ಕೂ ಕೈಹಾಕಿದರು. ತಮ್ಮ ಅಭಿಪ್ರಾಯಕ್ಕಾಗಿ ಸೆರೆಮನೆ ಸೇರಿದವರ ಪರವಾಗಿ ದನಿಯೆತ್ತುವ ಆಮ್ನೆಸ್ಟಿ ಎಂಬ ಸಂಸ್ಥೆ ಆ ವರ್ಷ ಲಂಡನ್ನಿನಲ್ಲಿ ಹುಟ್ಟಿತು. ಕೆಲವೇ ತಿಂಗಳಲ್ಲಿ ಕೊಲೋನ್ ನಗರದಲ್ಲಿ ಅದರ ಜರ್ಮನ್ ಶಾಖೆಯನ್ನು ಕಟ್ಟಿದವರಲ್ಲಿ ಮೂವರ ಹೆಸರು ಮುಖ್ಯ: ಕರೋಲಾ ಶ್ಟೆರ್ನ್, ಫೆಲಿಕ್ಸ್ ರೆಕ್ಸ್‌ಹೌಸನ್ ಮತ್ತು ಗೆರ್ಡ್ ರೂಗೆ. ಪಾಸ್ಟರ್ನಾಕರ ಸಂಕಟವನ್ನು ಹತ್ತಿರದಿಂದ ಕಂಡವರಿಗೆ ಇದು ದೂರದ ವಿಷಯವಾಗಿರಲಿಲ್ಲ. ಆಮ್ನೆಸ್ಟಿಯವರು ಇಟ್ಟುಕೊಂಡ ನಿಯಮವೂ ಒಳ್ಳೆಯದು: ಪಶ್ಚಿಮದ ಕೈದಿ, ಪೂರ್ವದ ಕೈದಿ, ಬಡದೇಶಗಳ ಕೈದಿ, ಮೂವರಿಗೂ ಸಮನಾಗಿ ದುಡಿಯಬೇಕು. ಒಂದೇ ತಕ್ಕಡಿ.

1963ರಲ್ಲಿ ಟೆಲಿವಿಷನ್ನಿನಲ್ಲಿ 'ವೆಲ್ಟ್‌ಶ್ಪೀಗೆಲ್' ಎಂಬ ಕಾರ್ಯಕ್ರಮ ಶುರುವಾಯಿತು. 'ಲೋಕದ ಕನ್ನಡಿ' ಎಂದು ಅರ್ಥ. ಹುಟ್ಟುಹಾಕಿದವರಲ್ಲಿ ರೂಗೆಯೂ ಒಬ್ಬರು. ಬೇರೆ ದೇಶಗಳಲ್ಲಿರುವ ಬಾತ್ಮೀದಾರರು ಅಲ್ಲಿಯ ಬದುಕನ್ನು ತಮ್ಮ ಕಣ್ಣಿನಿಂದ ತೋರಿಸುವ ಕಾರ್ಯಕ್ರಮ. ಅರವತ್ತು ವರ್ಷ ದಾಟಿದರೂ ಅದು ನಡೆಯುತ್ತಲೇ ಇದೆ.

ತೊದಲುವ ದನಿ

1964ರಿಂದ 1969ರವರೆಗೆ ಅವರು ಅಮೆರಿಕದಲ್ಲಿದ್ದರು. ಆ ವರ್ಷಗಳು ಎಂಥವೆಂದು ನಿಮಗೆ ಗೊತ್ತು. ವಿಯೆಟ್ನಾಮಿನ ಯುದ್ಧ, ಕರಿಯರ ಹಕ್ಕಿನ ಹೋರಾಟ, 1968ರ ಏಪ್ರಿಲ್ 4ರಂದು ಮಾರ್ಟಿನ್ ಲೂಥರ್ ಕಿಂಗರ ಕೊಲೆ. ಕಸ ತೆಗೆಯುವ ಕೆಲಸಗಾರರ ಮುಷ್ಕರಕ್ಕೆ ಬೆಂಬಲ ಕೊಡಲು ಮೆಂಫಿಸ್ ಊರಿಗೆ ಹೋಗಿದ್ದಾಗ ಅವರನ್ನು ಗುಂಡಿಟ್ಟು ಕೊಂದರೆಂಬುದನ್ನು ನಾವು ಕೆಲಸಗಾರರು ಮರೆಯಕೂಡದು. ಎರಡು ತಿಂಗಳು ಕಳೆಯುತ್ತಲೇ ರಾಬರ್ಟ್ ಕೆನೆಡಿಯವರ ಕೊಲೆ. ಆ ಎರಡು ಸಾವುಗಳನ್ನು ಜರ್ಮನಿಯ ಮನೆಮನೆಗೆ ಹೇಳಿದ ದನಿ ರೂಗೆಯವರದು. ಬಹಳ ವರ್ಷ ಜನ ಅದನ್ನು ನೆನೆಯುತ್ತಿದ್ದರು.

ಆ ದನಿ ಹೇಗಿತ್ತು? ನಮ್ಮ ಟೀವಿಯ ಸುದ್ದಿಗಾರರ ಹಾಗೆ ಗುಡುಗುತ್ತಿತ್ತೇ? ಇಲ್ಲ. ರೂಗೆ ಮಾತನಾಡಿದರೆ ಅರ್ಧ ಮಾತು ಗಂಟಲಲ್ಲಿಯೇ ಉಳಿಯುತ್ತಿತ್ತು. ತಡವರಿಸುತ್ತಿದ್ದರು, ಗೊಣಗುತ್ತಿದ್ದರು, ನಡುವೆ ನಿಂತು ಯೋಚಿಸುತ್ತಿದ್ದರು. ಅದನ್ನು ಆಡಿಕೊಂಡು ನಕ್ಕವರೂ ಇದ್ದರು. ಆದರೆ ಜನ ನಂಬಿದ್ದು ಆ ದನಿಯನ್ನೇ. ಯಾಕೆ? ಬಾಯಿಪಾಠ ಒಪ್ಪಿಸುವವನು ತಡವರಿಸುವುದಿಲ್ಲ. ಕಂಡದ್ದನ್ನು ಇದ್ದಂತೆ ಹೇಳಲು ತಕ್ಕ ಮಾತನ್ನು ಹುಡುಕುವವನು ತಡವರಿಸುತ್ತಾನೆ.

ನಾವು ಮೇಷ್ಟ್ರಾಗಿದ್ದಾಗ ಕಂಡದ್ದೊಂದನ್ನು ಹೇಳುತ್ತೇವೆ. ಇಬ್ಬರು ಹುಡುಗರು ಹೊಡೆದಾಡಿಕೊಂಡು ಬರುತ್ತಾರೆ. ಮೊದಲು ಓಡಿಬಂದು ಜೋರಾಗಿ ದೂರು ಹೇಳುವವನು ಹೊಡೆದವನೇ ಆಗಿರುತ್ತಾನೆ, ಬಹಳ ಸಲ. ಹೊಡೆಸಿಕೊಂಡವನು ಮೂಗು ಒರೆಸಿಕೊಳ್ಳುತ್ತ ಹಿಂದೆ ನಿಂತಿರುತ್ತಾನೆ. ನಿಜ ತಿಳಿಯಬೇಕಾದರೆ ಕಿಟಕಿಯ ಬಳಿ ಕುಳಿತು ಎಲ್ಲ ನೋಡುತ್ತಿದ್ದ ಮೂರನೆಯ ಹುಡುಗನನ್ನು ಕರೆದು, "ಹೆದರಬೇಡ, ನಿಧಾನವಾಗಿ ಹೇಳು" ಎನ್ನಬೇಕು. ರೂಗೆ ಮಾಡಿದ್ದು ಇದನ್ನೇ. ಮಂತ್ರಿಗಳನ್ನೂ ಕಂಡರು, ಸೇನಾಪತಿಗಳನ್ನೂ ಕಂಡರು. ಆದರೆ ಅಲ್ಲಿಗೆ ನಿಲ್ಲದೆ ಬೀದಿಗೆ ಬಂದು, ಸಂತೆಯಲ್ಲಿ ಕುಳಿತ ಮುದುಕಿಯನ್ನೂ ಹೊಲದಲ್ಲಿ ದುಡಿಯುವವನನ್ನೂ ಮಾತಿಗೆಳೆದರು.

ಪೆಕಿಂಗ್, ಮತ್ತೆ ಮಾಸ್ಕೋ

ಮುಂದಿನ ವರ್ಷಗಳನ್ನು ಬೇಗ ಹೇಳಿಬಿಡುತ್ತೇವೆ. 1970ರಿಂದ 1972ರವರೆಗೆ ರಾಜಧಾನಿ ಬಾನ್ ನಗರದಲ್ಲಿ. ಆಗ ಸಮಾಜವಾದಿ ನಾಯಕ ವಿಲ್ಲಿ ಬ್ರಾಂಟ್ ಪ್ರಧಾನಿ. 1973ರಿಂದ 1976ರವರೆಗೆ ಚೀನಾದ ಪೆಕಿಂಗಿನಲ್ಲಿ. ಇಲ್ಲಿ ಒಂದು ಮಾತು ಬಿಚ್ಚಿ ಹೇಳಬೇಕು: ಪೆಕಿಂಗಿನಿಂದ ಅವರು ಬರೆದದ್ದು 'ಡೀ ವೆಲ್ಟ್' ಎಂಬ ಪತ್ರಿಕೆಗೆ. ಅದು ಶ್ಪ್ರಿಂಗರ್ ಎಂಬ ದೊಡ್ಡ ಪತ್ರಿಕಾ ಧಣಿಯದು, ಎಡಪಂಥದವರಿಗೆ ಕಣ್ಣುಕಿಸುರು. ರೂಗೆ ನಮ್ಮ ಪಕ್ಷದವರಲ್ಲ. ಅವರನ್ನು ನಮ್ಮವರೆಂದು ಹೇಳಿಕೊಳ್ಳಲು ನಾವು ಇಲ್ಲಿ ನಿಂತಿಲ್ಲ. ಅವರು ಬಾತ್ಮೀದಾರರು, ಅಷ್ಟೇ. ನಮಗೆ ಒಪ್ಪಿಗೆಯಾಗುವುದನ್ನೇ ಹೇಳುವವನು ಮಾತ್ರ ಒಳ್ಳೆಯ ಬಾತ್ಮೀದಾರ ಎಂದುಕೊಂಡರೆ, ಗೊಬೆಲ್ಸನಿಗೂ ನಮಗೂ ಏನು ವ್ಯತ್ಯಾಸ?

1977ರಲ್ಲಿ ಮತ್ತೆ ಸಾರ್ವಜನಿಕ ರೇಡಿಯೋಗೆ ಮರಳಿ ನಾಲ್ಕು ವರ್ಷ ಮಾಸ್ಕೋದಲ್ಲಿದ್ದರು. ಎಂಬತ್ತರ ದಶಕದ ಆರಂಭದಲ್ಲಿ ಊರಿಗೆ ಬಂದು 'ಮಾನಿಟರ್' ಎಂಬ ರಾಜಕೀಯ ಕಾರ್ಯಕ್ರಮ ನಡೆಸಿದರು. ಕೊಲೋನ್ ಸಂಸ್ಥೆಯ ಟೆಲಿವಿಷನ್ನಿನ ಮುಖ್ಯ ಸಂಪಾದಕರೂ ಆದರು. ದೊಡ್ಡ ಕುರ್ಚಿ. ಆದರೆ 1987ರಲ್ಲಿ ಮೂರನೆಯ ಸಲ ಮಾಸ್ಕೋಗೆ ಹೊರಟೇಬಿಟ್ಟರು. ಗೋರ್ಬಚೇವರ ಕಾಲ ಅದು. ಮೂವತ್ತು ವರ್ಷದ ಹಿಂದೆ ಬಾಯಿ ಮುಚ್ಚಿಕೊಂಡಿದ್ದ ಊರು ಈಗ ಬೀದಿಬೀದಿಯಲ್ಲಿ ವಾದ ಮಾಡುತ್ತಿತ್ತು. ಅದೇ ವರ್ಷ ಲೇಖಕರ ಸಂಘ ಪಾಸ್ಟರ್ನಾಕರ ಮೇಲಿನ ಬಹಿಷ್ಕಾರವನ್ನು ರದ್ದುಮಾಡಿತು. ಮರುವರ್ಷ ಅವರ ಕಾದಂಬರಿ ಮಾಸ್ಕೋದಲ್ಲಿಯೇ ಅಚ್ಚಾಯಿತು. ನೋಡಲು ಕವಿ ಇರಲಿಲ್ಲ; 1960ರಲ್ಲಿಯೇ ತೀರಿಕೊಂಡಿದ್ದರು.

1991ರ ಆಗಸ್ಟ್ 19ರ ಬೆಳಿಗ್ಗೆ ಮಾಸ್ಕೋದ ಬೀದಿಗಳಿಗೆ ಟ್ಯಾಂಕುಗಳು ಬಂದವು. ಎಂಟು ಮಂದಿಯ ಒಂದು ಕೂಟ ಅಧಿಕಾರ ಹಿಡಿದೆವೆಂದು ಸಾರಿತು. ಗೋರ್ಬಚೇವರನ್ನು ಕ್ರಿಮಿಯಾದ ಬೇಸಗೆ ಮನೆಯಲ್ಲಿ ಕೂಡಿಹಾಕಿದ್ದರು. ಆ ಹೊತ್ತು ಸೋವಿಯತ್ ಸರ್ಕಾರದ ಟೆಲಿವಿಷನ್ ಏನು ತೋರಿಸುತ್ತಿತ್ತು ಗೊತ್ತೇ? ನೃತ್ಯ! 'ಹಂಸಸರೋವರ' ಎಂಬ ಹೆಸರಾಂತ ಬ್ಯಾಲೆ ನೃತ್ಯ. ಬೀದಿಯಲ್ಲಿ ಟ್ಯಾಂಕು, ಪೆಟ್ಟಿಗೆಯಲ್ಲಿ ಕುಣಿತ. ಸರ್ಕಾರದ್ದೇ ದನಿಯಾದರೆ ಸಂಕಟದ ದಿನ ಅದು ಏನು ಹೇಳುತ್ತದೆ ಎಂಬುದಕ್ಕೆ ಇದಕ್ಕಿಂತ ಬೇರೆ ಸಾಕ್ಷಿ ಬೇಕೇ? ಅರವತ್ತಮೂರು ವಯಸ್ಸಿನ ರೂಗೆ ಆಗ ಜರ್ಮನ್ ಟೆಲಿವಿಷನ್ನಿನ ಮಾಸ್ಕೋ ಕಚೇರಿಯ ಮುಖ್ಯಸ್ಥರು. ಅವರೂ ಅವರ ಜೊತೆಗಾರರೂ ಬೀದಿಯಲ್ಲಿ ನಡೆದದ್ದನ್ನು ತೋರಿಸಿದರು, ಹೇಳಿದರು. ಮೂರು ದಿನಗಳಲ್ಲಿ ಕೂಟ ಮುರಿದುಬಿತ್ತು. ಮೂವರು ತರುಣರು ಪ್ರಾಣ ತೆತ್ತರು. ಆ ವರ್ಷ ಮುಗಿಯುವುದರೊಳಗೆ ಸೋವಿಯತ್ ಒಕ್ಕೂಟವೇ ಇಲ್ಲವಾಯಿತು.

1993ರಲ್ಲಿ ಅವರು ನಿವೃತ್ತರಾದರು. ಆದರೆ ಮನೆಯಲ್ಲಿ ಕೂರಲಿಲ್ಲ. ಸೈಬೀರಿಯ, ಚೀನಾ, ಆಫ್ಘಾನಿಸ್ತಾನ ಎಂದು ಮುಪ್ಪಿನಲ್ಲಿಯೂ ತಿರುಗಿ, ಸಾಮಾನ್ಯ ಜನರ ಮನೆಯ ಜಗಲಿಯಲ್ಲಿ ಕುಳಿತು ಮಾತನಾಡಿಸಿ ಚಿತ್ರ ತೆಗೆದರು. ಸಾಕ್ಷ್ಯಚಿತ್ರ ತೆಗೆಯುವ ತರುಣರಿಗೆ ಇಂದು ಅವರ ಹೆಸರಿನಲ್ಲಿ ಸಹಾಯಧನ ಕೊಡುತ್ತಾರೆ.

ಕಾವಲು

ಇಷ್ಟೆಲ್ಲ ಹೇಳಿದ ಮೇಲೆ, ಜರ್ಮನಿಯಲ್ಲಿ ಎಲ್ಲವೂ ಸರಿಯಾಗಿದೆಯೆಂದು ತಿಳಿಯಬೇಡಿ. ಅಲ್ಲಿಯೂ ಈ ಸಂಸ್ಥೆಗಳ ಮೇಲ್ವಿಚಾರಣೆಗೆ ಸಭೆಗಳಿವೆ. ಅವುಗಳಲ್ಲಿ ಕಾರ್ಮಿಕ ಸಂಘಗಳಿಗೂ ಮಾಲೀಕರ ಸಂಘಗಳಿಗೂ ಚರ್ಚುಗಳಿಗೂ ಪಕ್ಷಗಳಿಗೂ ಸ್ಥಾನವಿದೆ. ಪಕ್ಷಗಳು ಮೆಲ್ಲಗೆ ಕೈ ಉದ್ದ ಮಾಡಿದವು. ಇದು ನಮ್ಮವನಿಗೆ, ಅದು ನಿಮ್ಮವನಿಗೆ ಎಂದು ಹುದ್ದೆಗಳನ್ನು ಹಂಚಿಕೊಳ್ಳುವ ಚಾಳಿ ಬೆಳೆಯಿತು. 2009ರಲ್ಲಿ ಎರಡನೆಯ ಟೆಲಿವಿಷನ್ನಿನ ಮುಖ್ಯ ಸಂಪಾದಕ ನಿಕೊಲಾಸ್ ಬ್ರೆಂಡರ್ ಅವರ ಅವಧಿಯನ್ನು ಮುಂದುವರಿಸಬಾರದೆಂದು ರಾಜಕಾರಣಿಗಳು ಹಟ ಹಿಡಿದರು. ಪತ್ರಕರ್ತರೂ ಕಾನೂನು ಪಂಡಿತರೂ ಕೂಗೆಬ್ಬಿಸಿದರು. ಬ್ರೆಂಡರ್ ಅವರ ಕೆಲಸ ಹೋಯಿತು. ಆದರೆ ಆ ಜಗಳ ನ್ಯಾಯಾಲಯಕ್ಕೆ ಹೋಗಿ 2014ರ ಮಾರ್ಚ್ 25ರಂದು ತೀರ್ಪು ಬಂತು: ಮೇಲ್ವಿಚಾರಣೆಯ ಸಭೆಗಳಲ್ಲಿ ಸರ್ಕಾರ ಮತ್ತು ರಾಜಕೀಯಕ್ಕೆ ಸೇರಿದವರು ಮೂರರಲ್ಲಿ ಒಂದು ಪಾಲಿಗಿಂತ ಹೆಚ್ಚು ಇರಕೂಡದು. ಆ ಮಾತಿಗೆ ಸಮಾಜವಾದಿ ಪಕ್ಷದವರೂ ಒಳಪಟ್ಟರು. ಸರಿಯಾಗಿಯೇ ಆಯಿತು.

ಶುಲ್ಕದ ಜಗಳ ಇನ್ನೂ ಇದೆ. 2021ರಲ್ಲಿ ಅದು ಒಂದು ಮನೆಗೆ ತಿಂಗಳಿಗೆ 18.36 ಯೂರೋ ಆಯಿತು. ಸರ್ಕಾರದ ನೆರವಿನಿಂದ ಬದುಕುವ ಬಡವರಿಗೆ ವಿನಾಯಿತಿ ಉಂಟು. ಟೀವಿ ನೋಡದವನೂ ಯಾಕೆ ಕೊಡಬೇಕು ಎಂದು ಕೇಳುವವರಿದ್ದಾರೆ. ಕೇಳಲಿ. ಬೀದಿಯ ದೀಪಕ್ಕೆ ಕುರುಡನೂ ತೆರಿಗೆ ಕೊಡುತ್ತಾನೆ. ಬೆಳಕಿದ್ದರೆ ಬೇರೆಯವರು ಅವನಿಗೆ ಡಿಕ್ಕಿ ಹೊಡೆಯುವುದಿಲ್ಲ.

ಈಗ ನಮ್ಮ ಹಿರಿಯರ ಪ್ರಶ್ನೆಗೆ ಬರೋಣ. ನಮ್ಮದು ಎಂಬುದು ಯಾವುದು? ಉತ್ತರ: ತಾನಾಗಿ ನಮ್ಮದಾದ ದನಿ ಎಲ್ಲಿಯೂ ಇಲ್ಲ. ಕಾಸು ಕೊಟ್ಟು, ಕಾಯಿದೆ ಮಾಡಿಸಿ, ಕಾವಲು ಕಾದು ಅದನ್ನು ನಮ್ಮದಾಗಿ ಮಾಡಿಕೊಳ್ಳಬೇಕು. ಒಮ್ಮೆ ಮಾಡಿಕೊಂಡರೆ ಸಾಲದು, ತಲೆಮಾರಿಗೊಮ್ಮೆ ಮತ್ತೆ ಮಾಡಿಕೊಳ್ಳಬೇಕು. ಅಷ್ಟಾದರೂ ಆ ಕಟ್ಟಡದೊಳಗೆ ಬೀದಿಗೆ ಇಳಿದು ಕೇಳುವ ಒಬ್ಬ ಮನುಷ್ಯ ಇಲ್ಲದಿದ್ದರೆ ಅದು ಬರೀ ಕಟ್ಟಡ. ರೂಗೆಯಂಥವರಿಲ್ಲದ ಕಾಯಿದೆ ಟೊಳ್ಳು. ಕಾಯಿದೆಯಿಲ್ಲದ ರೂಗೆ ಒಂದೇ ದಿನದಲ್ಲಿ ಮನೆಗೆ.

ಅಲ್ಲಿಯವರೆಗೆ ನಾವೇನು ಮಾಡಬೇಕು? ಶಾಲೆಯ ಮಕ್ಕಳಿಗೆ ಹೇಳುವಂತೆ ಮೂರು ಪ್ರಶ್ನೆ ಹೇಳಿಕೊಡುತ್ತೇವೆ, ಬಾಯಿಪಾಠ ಮಾಡಿಕೊಳ್ಳಿ. ಯಾವ ಸುದ್ದಿ ಬಂದರೂ, ಪತ್ರಿಕೆಯಲ್ಲಿ ಬರಲಿ, ಟೀವಿಯಲ್ಲಿ ಬರಲಿ, ಫೋನಿನಲ್ಲಿ ಬರಲಿ, ಕೊನೆಗೆ ಈ ವಾರಪತ್ರಿಕೆಯಲ್ಲಿಯೇ ಬರಲಿ, ಕೇಳಿ: ಒಂದು, ಇವನಿಗೆ ಸಂಬಳ ಕೊಡುವವರು ಯಾರು? ಎರಡು, ನಿಜ ಹೇಳಿದರೆ ಇವನನ್ನು ಕೆಲಸದಿಂದ ತೆಗೆಯಬಲ್ಲವರು ಯಾರು? ಮೂರು, ಇವನು ಯಾರನ್ನು ಕೇಳಿ ಬಂದು ಇದನ್ನು ಹೇಳುತ್ತಿದ್ದಾನೆ? ಮುಷ್ಕರದ ದಿನ ಮ್ಯಾನೇಜರನ ಕೋಣೆಯಲ್ಲಿ ಕಾಫಿ ಕುಡಿದು ಹೋದನೇ, ಗೇಟಿನ ಎದುರಿನ ಚಹಾದಂಗಡಿಗೂ ಬಂದನೇ?

ಬಂದರೆ, ಸಂಗಾತಿಗಳೇ, ಅವನಿಗೆ ಬೆಂಚಿನ ಮೇಲೆ ಜಾಗ ಕೊಡಿ. ನಮಗೆ ಅನುಕೂಲವಾದದ್ದನ್ನಷ್ಟೇ ಹೇಳಬೇಡಿ. ಆದದ್ದನ್ನು ಆದಂತೆ ಹೇಳಿ. ಅವನು ತಡವರಿಸಿದರೆ ನಗಬೇಡಿ.